ಎಕೋ ಹಾಕುವ ಮೊದಲು

ನಮ್ಮಪ್ಪನದು ಕೊಟ್ಟೂರಿನಲ್ಲಿ ಮೈಕ್‌ಸೆಟ್ ಅಂಗಡಿ. ಮದುವೆಯಿರಲಿ, ಭಜನೆಯಿರಲಿ, ಚುನಾವಣೆಯಿರಲಿ, ಅಪ್ಪ ಮೊದಲು ತಿರುವುತ್ತಿದ್ದದ್ದು ಎಕೋ ಗುಂಡಿಯನ್ನು. ನಮ್ಮ ಕಡೆಯ ಭಜನೆಯವರು ಎಕೋ ಇಲ್ಲದ ಮೈಕಿನ ಮುಂದೆ ಬಾಯಿ ಬಿಡುವುದಿಲ್ಲ. "ಒಣಾ ದನಿ ಯಾರಿಗೆ ಬೇಕಾಗೈತಿ?" ಎನ್ನುತ್ತಿದ್ದ ಅಪ್ಪ. ನಾನು ಓದಿದ್ದು ಬಿ.ಕಾಂ., ಕಲಿತದ್ದು ಈ ಮಾತೊಂದೇ.

ಅವಳು ಕಾಲೇಜಿನಲ್ಲಿ ನನ್ನ ಸಹಪಾಠಿ. ತಂಬ್ರಹಳ್ಳಿ ಕಡೆಯಿಂದ ಬಸ್ಸಿಗೆ ಬರುತ್ತಿದ್ದಳು. ಅವಳ ದನಿ ತಗ್ಗಿನದು, ಸ್ವಲ್ಪ ಒರಟು. ಹುಡುಗಿಯರೆಂದರೆ ಸಣ್ಣ ದನಿಯಲ್ಲೇ ಹಾಡಬೇಕೆಂದು ನಂಬಿದವರು ಕಾಲೇಜಿನ ಪ್ರಾರ್ಥನೆಗೆ ಅವಳನ್ನು ಹಿಂದಿನ ಸಾಲಿನಲ್ಲಿ ನಿಲ್ಲಿಸುತ್ತಿದ್ದರು. ನನಗೆ ಬೇಕಾಗಿದ್ದದ್ದು ಅಂಥ ದನಿಯೇ. ಮೊಬೈಲಿನಲ್ಲಿ ಹೊರದೇಶದ ಡಾರ್ಕ್‌ವೇವ್, ಸಿಂತ್‌ಪಾಪ್ ಹಾಡುಗಳನ್ನು ಕೇಳಿ ಕೇಳಿ ನನ್ನ ತಲೆ ಕೆಟ್ಟಿತ್ತು. ಯಂತ್ರದ ತಾಳ, ಉದ್ದಕ್ಕೆ ಎಳೆದ ಕೀಬೋರ್ಡಿನ ಸ್ವರ, ಅದರ ಮೇಲೆ ಒಂದು ದುಃಖದ ದನಿ. ಹಳೆಯ ಆರ್ಕೆಸ್ಟ್ರಾದವರು ಬಿಟ್ಟುಹೋಗಿದ್ದ ಕೀಬೋರ್ಡ್ ಅಂಗಡಿಯಲ್ಲಿತ್ತು. ಅವಳು ಹಾಡು ಬರೆದಳು, ನಾನು ಬಾರಿಸಿದೆ. ಇಬ್ಬರದೇ ತಂಡ.

"ಯಾರು ಸತ್ತಾರಂತ ಹಿಂಗ ಬಾರಸ್ತೀರಿ?" ಎಂದು ಅಪ್ಪ ಕೇಳಿದ.

"ಇನ್ನೂ ಯಾರೂ ಸತ್ತಿಲ್ಲರಿ ಕಾಕಾ, ಮೊದ್ಲ ರೆಡಿ ಮಾಡಿ ಇಟ್ಕೊಂತೀವಿ" ಎಂದಳು ಅವಳು.

ಮದುವೆಯ ಬುಕಿಂಗ್ ಇಲ್ಲದ ದಿನ ಸ್ಪೀಕರ್ ಪೆಟ್ಟಿಗೆಗಳ ನಡುವೆ ನಮ್ಮ ರೆಕಾರ್ಡಿಂಗ್. ಅವಳ ಮೈಕಿನ ವೈರು ಅಪ್ಪನ ಎಕೋ ಪೆಟ್ಟಿಗೆಯನ್ನು ದಾಟಿಯೇ ಲ್ಯಾಪ್‌ಟಾಪಿಗೆ ಹೋಗುತ್ತಿತ್ತು. ತಿಳಿದವರು ದನಿಯನ್ನು ಇದ್ದ ಹಾಗೆ ಹಿಡಿದಿಟ್ಟು ಎಕೋವನ್ನು ಆಮೇಲೆ ಸೇರಿಸುತ್ತಾರೆ. ನಾನು ಮೈಕ್‌ಸೆಟ್‌ನವನ ಮಗ, ಮೊದಲೇ ಸೇರಿಸುತ್ತಿದ್ದೆ. "ಲೇ, ಎಕೋ ಕಮ್ಮಿ ಮಾಡು" ಎಂದು ಅವಳು ಪ್ರತಿ ಸಲ ಹೇಳುತ್ತಿದ್ದಳು. ನಾನು ಪ್ರತಿ ಸಲ ಹೂಂ ಎಂದು ಗುಂಡಿಯನ್ನು ಇನ್ನಷ್ಟು ತಿರುವುತ್ತಿದ್ದೆ.

ಹರಪನಹಳ್ಳಿಯ ಒಂದು ಕಾಲೇಜಿನ ಸಮಾರಂಭದಲ್ಲಿ ನಾವು ಮೂರನೇ ಹಾಡು ಎತ್ತಿಕೊಂಡಾಗ ಮೇಷ್ಟ್ರೊಬ್ಬರು ವೇದಿಕೆಗೇ ಬಂದು, "ಹುಡುಗ್ರು ಕುಣಿಯೋ ಹಾಡು ಕೇಳ್ತಾವ್ರೆ, ಇದನ್ನ ನಿಲ್ಸಿಬಿಡ್ರಪ್ಪಾ" ಎಂದು ಕೈ ಮುಗಿದರು. ಹಡಗಲಿಯ ಆರತಕ್ಷತೆಯೊಂದರಲ್ಲಿ ವರನ ತಾಯಿ ಅತ್ತರು. ಅದು ಮೆಚ್ಚುಗೆಯೆಂದು ಅವಳು, ಅಪಶಕುನವೆಂದು ನಾನು, ಬಸ್ಸಿನಲ್ಲಿ ಹಗರಿಬೊಮ್ಮನಹಳ್ಳಿ ಬರುವವರೆಗೂ ಜಗಳವಾಡಿದೆವು. ಊರಿನವರಿಗೆ ಬೇಡವಾದದ್ದನ್ನು ಇಂಟರ್ನೆಟ್ಟಿಗೆ ಹಾಕಿದೆವು. ಅಲ್ಲಿ ಕೇಳಿದ ಪೋಲೆಂಡಿನವನೊಬ್ಬ ಮೇಲ್ ಬರೆದ, ನಮ್ಮ ಹಾಡುಗಳ ಕ್ಯಾಸೆಟ್ಟನ್ನು ತನ್ನ ದೇಶದಲ್ಲಿ ಹೊರತಂದ. ಅವಳ ದನಿ ಬಾವಿಯೊಳಗಿಂದ ಬಂದ ಹಾಗಿದೆ ಎಂದು ಹೊಗಳಿದ್ದ. ನಾನು ಬೀಗಿದೆ. ಆ ಬಾವಿಯನ್ನು ತೋಡಿದವನು ನಾನಲ್ಲವೇ. ಮುಂದಿನ ಹಾಡುಗಳಲ್ಲಿ ಅವಳನ್ನು ಇನ್ನೂ ಆಳಕ್ಕೆ ಇಳಿಸಿದೆ.

ಆಮೇಲೆ ಅವಳ ಗಂಟಲಲ್ಲಿ ಗಂಟು ಕಾಣಿಸಿತು. ದಾವಣಗೆರೆಯಲ್ಲಿ ಆಪರೇಷನ್ ಆಯಿತು. ಜೀವ ಉಳಿಯಿತು, ದನಿ ಉಳಿಯಲಿಲ್ಲ. ಈಗ ಅವಳು ಹಗರಿಬೊಮ್ಮನಹಳ್ಳಿಯ ಝೆರಾಕ್ಸ್ ಅಂಗಡಿಯಲ್ಲಿ ಕೆಲಸ ಮಾಡುತ್ತಾಳೆ. ಎಷ್ಟು ಪ್ರತಿ ಬೇಕೆಂದು ಗಿರಾಕಿಗಳನ್ನು ಬೆರಳು ತೋರಿಸಿ ಕೇಳುತ್ತಾಳೆ. ನಮ್ಮ ತಂಡ ಮುಗಿಯಿತೆಂದು ನಾವಿಬ್ಬರೂ ಬಾಯಿಬಿಟ್ಟು ಹೇಳಿಕೊಂಡಿಲ್ಲ.

ಹೋದ ಬೇಸಿಗೆಯಲ್ಲಿ ಒಂದು ಭಾನುವಾರ ಅಂಗಡಿಗೆ ಬಂದಳು. ಅವಳಿಗೆ ಉಳಿದಿದ್ದ ಪಿಸುದನಿ ಕೇಳಿಸಲೆಂದು ನಾನು ಫ್ಯಾನ್ ಆರಿಸಿದೆ.

"ನನ್ನ ದನಿ ಹೆಂಗಿತ್ತು ಅನ್ನೋದ ಮರ್ತು ಹೊಂಟೈತಿ. ಒಂದ್ಸಲ ಕೇಳ್ಬೇಕು. ಎಕೋ ತಗದು ಕೊಡು."

ಒಮ್ಮೆ ಬೆರೆತದ್ದನ್ನು ತೆಗೆಯಲು ಬರುವುದಿಲ್ಲ ಎಂದು ಹೇಳದೆ, ಮುಂದಿನ ವಾರ ಬಾ ಎಂದೆ. ಸಾರಿಗೆ ಬಿದ್ದ ಉಪ್ಪನ್ನು ಹೆಕ್ಕಿ ತೆಗೆದವರುಂಟೇ? ಒಂದು ವಾರ ಹಳೆಯ ಹಾರ್ಡ್‌ಡಿಸ್ಕ್ ಕೆದಕಿದೆ. ಹಾಡು ಶುರುವಾಗುವ ಮುಂಚೆ ಅವಳು ಆಡಿದ ಮಾತು, ಕೆಮ್ಮು, ನಗು, ಎಲ್ಲವನ್ನೂ ಕಸವೆಂದು ಕತ್ತರಿಸಿ ಎಸೆದವನು ನಾನೇ. ಅವಳನ್ನು ನಾನು ಪ್ರೀತಿಸುತ್ತಿದ್ದೆನೇ ಎಂದು ಗೆಳೆಯರು ಈಗಲೂ ಕೆಣಕುತ್ತಾರೆ. ಪ್ರೀತಿಸುತ್ತಿದ್ದದ್ದು ಆ ದನಿಯನ್ನು. ಅದನ್ನಾದರೂ ಜೋಪಾನ ಮಾಡಲಿಲ್ಲ.

ಕತ್ತರಿಸಲು ಮರೆತ ಒಂದೇ ಒಂದು ತುಣುಕು ಸಿಕ್ಕಿತು. ಗುಂಡಿ ತಿರುವುವ ಮೊದಲಿನದು. ಮುಂದಿನ ವಾರ ಅವಳು ಬಂದಾಗ ಹೆಡ್‌ಫೋನ್ ಕೊಟ್ಟೆ, ಅವಳ ಮುಖ ನೋಡಲಾರದೆ ವೈರು ಸುತ್ತುತ್ತ ಕುಳಿತೆ. ಅದರಲ್ಲಿ ಏನಿದೆಯೆಂದು ನನಗೆ ಗೊತ್ತಿತ್ತು.

"ಲೇ, ಇವತ್ತರ ಎಕೋ ಕಮ್ಮಿ ಇಡು. ನನ್ನ ದನಿ ನನಗ ಕೇಳವಲ್ದು."

ಅದಾದ ಮೇಲೆ ನನ್ನ ಹೂಂ. ಆಮೇಲೆ ಎಕೋ.

ಅವಳು ಅದನ್ನು ಮೂರು ಸಲ ಹಾಕಿಸಿಕೊಂಡು ಕೇಳಿದಳು. ಹೆಡ್‌ಫೋನ್ ತೆಗೆದು ಏನೋ ಅಂದಳು. ನನಗೆ ಕೇಳಿಸಲಿಲ್ಲ. ಕಿವಿಯನ್ನು ಅವಳ ಬಾಯಿಯ ಹತ್ತಿರ ಒಯ್ದೆ.

"ಚೊಲೊ ಇತ್ತಲ್ಲ ನನ್ನ ದನಿ?"

ನಾನು ಹೂಂ ಎಂದೆ. ಅಷ್ಟು ವರ್ಷ ಗುಂಡಿ ತಿರುವುತ್ತ ಅವಳಿಗೆ ಹೇಳುತ್ತ ಬಂದದ್ದೂ ಅದೇ ಹೂಂ. ಈ ಸಲ ಅವಳು ನಂಬಿದಳೋ ಇಲ್ಲವೋ, ನನಗೆ ಗೊತ್ತಾಗಲಿಲ್ಲ.