ದೊಡ್ಡವ್ವನ ಕೈಚೀಲ

ಹಿರಿಯೂರಿನ ಬಸ್ ನಿಲ್ದಾಣದ ಹಿಂದೆ ಯಾರೋ ತೆಂಗಿನ ಸಿಪ್ಪೆಗೆ ಬೆಂಕಿ ಹಾಕಿದ್ದರು. ಆ ಹೊಗೆ ಮೂಗಿಗೆ ಬಡಿದದ್ದೇ ತಡ, ಮದಕರಿಪುರದ ನಮ್ಮ ಮನೆಯ ಬಚ್ಚಲು ಕಣ್ಣೆದುರು ಬಂತು. ಹಂಡೆಯ ಮುಂದೆ ಸೀರೆ ಎತ್ತಿ ಕಟ್ಟಿಕೊಂಡು ಕೂತ ದೊಡ್ಡವ್ವ ಬಂದಳು. ಅಪ್ಪನ ಅಣ್ಣನ ಹೆಂಡತಿ ಆಕೆ, ಮಕ್ಕಳಿರಲಿಲ್ಲ. ನಾನು, ನನ್ನಣ್ಣ, ಚಿಕ್ಕಪ್ಪನ ಮಗ ಮೂವರೂ ಅವಳ ಕೈಯಲ್ಲೇ ಮಿಂದು ಬೆಳೆದವರು. "ಲೇ, ಎಲ್ಲಿಗೆ ಓಡ್ತೀಯೋ? ಬಾ ಇಲ್ಲಿ, ಕಿವಿ ಹಿಂದೆ ರಾಗಿ ಬಿತ್ತಬಹುದು!" ಎಂದು ಹಿಡಿದೆಳೆದು ಸೀಗೆಪುಡಿ ತಿಕ್ಕುತ್ತಿದ್ದಳು. ಮಕ್ಕಳ ಬಟ್ಟೆಗೆಲ್ಲ ಆ ಮನೆಯಲ್ಲಿ ಒಂದೇ ಟ್ರಂಕು. ಕೈಗೆ ಸಿಕ್ಕ ಅಂಗಿ ಯಾರ ಮೈಗೆ ಹಿಡಿಸಿತೋ ಅವತ್ತಿಗೆ ಅದು ಅವನದು. ಇದು ನನ್ನದು ಎಂದು ಕಿತ್ತಾಡಿದರೆ ಬೆನ್ನಿಗೊಂದು ಗುದ್ದು. "ಯಾರ್ದಾದ್ರೇನಪ್ಪ, ಒಂದೇ ಮನೇದಲ್ವಾ?" ಅನ್ನುತ್ತಿದ್ದಳು. ನಿಮ್ಮನ್ನೂ ಹೀಗೆ ಮೀಯಿಸಿದವಳು ಒಬ್ಬಳಿದ್ದಿರಬಹುದು.

ಮನೆ ಪಾಲಾಯಿತು, ಮಾರಿದ್ದೂ ಆಯಿತು. ಹಿರಿಯರು ಒಬ್ಬೊಬ್ಬರೇ ಹೋಗಿ ದೊಡ್ಡವ್ವ ಒಬ್ಬಳೇ ಉಳಿದಳು. ಅಣ್ಣ ಹೊಸದುರ್ಗದಲ್ಲಿ, ಚಿಕ್ಕಪ್ಪನ ಮಗ ಹೊಳಲ್ಕೆರೆಯಲ್ಲಿ, ನಾನು ಚಿತ್ರದುರ್ಗದಲ್ಲಿ. ಕೆರೆ ನೀರಿಗೆ ಪಾಳಿ ಕಟ್ಟುವ ಹಾಗೆ ಆಕೆಗೂ ಪಾಳಿ ಕಟ್ಟಿದೆವು: ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಒಂದೊಂದು ಮನೆ. ಯಾರಿಗೂ ಹೊರೆಯಾಗದ ಹಾಗೆ ನೋಡಿಕೊಳ್ಳುತ್ತಿದ್ದೇವೆ ಎಂದು ನೆಂಟರ ಮುಂದೆ ಜಂಬ ಬೇರೆ ಕೊಚ್ಚಿಕೊಂಡೆ. ಥೂ, ಈಗ ನೆನೆದರೆ ಮುಖ ಎಲ್ಲಿ ಇಟ್ಟುಕೊಳ್ಳಲಿ ಅನ್ನಿಸುತ್ತದೆ.

ಒಂದು ಸಂಜೆ ನನ್ನ ಮಗಳು, "ಅಪ್ಪಾ, ಅಜ್ಜಿ ಒಗ್ದಿರೋ ಸೀರೇನ ಮತ್ತೆ ಚೀಲದೊಳಗೇ ಯಾಕಿಡ್ತಾರೆ?" ಎಂದು ಕೇಳಿದಳು. ಹೋಗಿ ನೋಡಿದೆ. ಸೀರೆ, ವಿಭೂತಿ ಗಟ್ಟಿ, ಬಾಚಣಿಗೆ ಎಲ್ಲವೂ ಬಾಗಿಲ ಪಕ್ಕದ ಕೈಚೀಲದಲ್ಲಿದ್ದವು. ಇಷ್ಟು ವರ್ಷ ಬಂದುಹೋಗುತ್ತಿದ್ದವಳಿಗೆ ಬೀರುವಿನಲ್ಲಿ ಒಂದು ಅರೆ ಬಿಡಿಸಿಕೊಡಬೇಕೆಂದು ನನಗೆ ಹೊಳೆದೇ ಇರಲಿಲ್ಲ. ಗಡಬಡಿಸಿ ನನ್ನ ಅಂಗಿಗಳನ್ನು ತೆಗೆದು, "ದೊಡ್ಡವ್ವ, ಇಲ್ಲಿಡು. ಇನ್ ಮ್ಯಾಲೆ ಎಲ್ಲಿಗೂ ಹೋಗೋದು ಬ್ಯಾಡ" ಎಂದೆ. ಆಕೆ ಖಾಲಿ ಅರೆಯನ್ನು ಅಂಗೈಯಿಂದ ಒಮ್ಮೆ ಸವರಿದಳು. "ಇರ್ಲಿ ಬಿಡಪ್ಪ. ಅಮಾಸೆ ಹತ್ರ ಬಂತು. ಮತ್ತೆ ತಗ್ದು ತುಂಬೋದು ಸುಮ್ನೆ ತ್ರಾಸು" ಎಂದಳು.

ಇನ್ನೊಂದು ಮಾತು ಹೇಳಿದ್ದರೆ ಇರುತ್ತಿದ್ದಳೋ ಏನೋ. ನಾನು ಹೇಳಲಿಲ್ಲ. ಅಮಾವಾಸ್ಯೆಯ ದಿನ ಚೀಲ ಹಿಡಿದು ನಾನೇ ಹೊಸದುರ್ಗದ ಬಸ್ಸು ಹತ್ತಿಸಿ ಬಂದೆ. ಆ ಪಾಳಿ ಮುಗಿಯುವ ಮೊದಲೇ ಅಣ್ಣನ ಮನೆಯಲ್ಲಿ ತೀರಿಕೊಂಡಳು.

ಆ ಅರೆಯಲ್ಲಿ ಈಗ ಮತ್ತೆ ನನ್ನ ಅಂಗಿಗಳೇ ಇವೆ.