ಮುರಿಯಲೆಂದೇ ಬೇಕಾಗಿದ್ದ ಲೆಕ್ಕಣಿಕೆ

ಖಾನಾಪುರದ ಭರಮಣ್ಣ ನಲವತ್ತು ವರ್ಷ ಲೇಥ್ ಮಷಿನ್ನಿನ ಮುಂದೆ ನಿಂತು ಮಂಚದ ಕಾಲು, ಲಟ್ಟಣಿಗೆ, ಕಡಗೋಲು ಕಡೆದವನು. ಅಪ್ಪ ಕುರಿ ಕಾಯುತ್ತಿದ್ದ. ರೋಗ ಬಂದು ಹಿಂಡು ಕರಗಿದ ವರ್ಷ, ಮೂರನೆಯ ಇಯತ್ತೆಯಲ್ಲಿದ್ದ ಮಗನನ್ನು ಸಾಲೆ ಬಿಡಿಸಿ ಬಡಿಗನೊಬ್ಬನ ಕೈಗೆ ಒಪ್ಪಿಸಿದ್ದ. ಈಗ ಭರಮಣ್ಣನಿಗೆ ಅರವತ್ತೆರಡು. ಬಲಗೈ ಭುಜದಿಂದ ಮೇಲೇಳುವುದಿಲ್ಲ. ಅಂಗಿ ತೊಡುವಾಗ ಹೆಂಡತಿ ಪದ್ಮವ್ವ ತೋಳು ಹಿಡಿದು ತೂರಿಸಬೇಕು. ಮಂಚಗಳೆಲ್ಲ ಪ್ಲೈವುಡ್ಡಿನವಾದ ಮೇಲೆ ಕೆಲಸವೂ ಕಡಿಮೆ. ಆದರೂ ದಿನಾ ಬೆಳಿಗ್ಗೆ ಅಂಗಡಿ ತೆಗೆಯುತ್ತಾನೆ.

ಹೋದ ವರ್ಷ ದೀಪಾವಳಿ ಮುಗಿದ ಮೇಲೆ ಬೆಳಗಾವಿಯಿಂದ ಅಜಿಂಕ್ಯ ಎಂಬ ಕಾಲೇಜು ಮಾಸ್ತರ ಬಂದ. ಹುಡುಗರಿಂದ ನಾಟಕ ಆಡಿಸುವ ಮನುಷ್ಯ.

"ಕಾಕಾ, ಒಂದು ಲೆಕ್ಕಣಿಕೆ ಬೇಕಾಗೇತ್ರಿ."

"ಏನಂದ್ರಿ?"

"ಪೆನ್ನು ರೀ. ಆದ್ರ ಅಂಗಡ್ಯಾಗ ಸಿಗೂವಂಥಾದ್ದಲ್ಲ. ದೇವರಂಥಾ ಪೆನ್ನು."

ಅಜಿಂಕ್ಯ ಸ್ಟೂಲಿನ ಮೇಲೆ ಕುಳಿತು ಕತೆ ಹೇಳಿದ. ನಾಟಕ ನಡೆಯುವುದು ತೆರೆನಾಡಿನಲ್ಲಿ. ಅದು ಎಲ್ಲೂ ಇಲ್ಲದ, ಅವನೇ ಕಟ್ಟಿದ ನಾಡು. ಅಲ್ಲಿ ಮೋಡಗಳು ನೆಲದ ಮೇಲೆ ಮೇಯುತ್ತವೆ, ಹಕ್ಕಿಗಳು ಸಾಕ್ಷಿ ಹೇಳುತ್ತವೆ. ಗುಡಿಯಲ್ಲಿ ಮೂರ್ತಿಯಿಲ್ಲ, ಒಂದು ಲೆಕ್ಕಣಿಕೆ ಇದೆ. ಅದರಿಂದ ಬರೆದದ್ದೆಲ್ಲ ಖರೇ ಆಗುತ್ತದೆ. ಮಳೆ ಎಂದು ಬರೆದರೆ ಮಳೆ, ಸಾವು ಎಂದು ಬರೆದರೆ ಸಾವು.

"ಅದನ್ನ ಮಾಡಿದವರು ಯಾರ್ರಿ?" ಭರಮಣ್ಣ ಕೇಳಿದ.

ಅಜಿಂಕ್ಯ ನಕ್ಕ. "ಅದನ್ನ ನಾ ಬರದಿಲ್ರಿ ಕಾಕಾ. ಅದು ಮೊದಲಿಂದಾನೂ ಐತಿ."

ಭರಮಣ್ಣ ನಗಲಿಲ್ಲ. ಯಾರೂ ಮಾಡದೆ ಇರುವ ಒಂದು ಕಡಗೋಲನ್ನೂ ಅವನು ಕಂಡಿರಲಿಲ್ಲ. "ಮಾಡ್ತೀನ್ರಿ" ಅಂದ.

ಮೊದಲು ಸಾಗವಾನಿಯಲ್ಲಿ ಕಡೆದ. ಲಟ್ಟಣಿಗೆಯ ತಮ್ಮನಂತೆ ಕಂಡಿತು, ಒಲೆಗೆ ಹಾಕಿದ. ಆಮೇಲೆ ಹಳೆಯ ಬೀಟೆ ಮರದ ತುಂಡೊಂದನ್ನು ಹುಡುಕಿ ತೆಗೆದ. ಮೊಳದುದ್ದ, ಬೆರಳಿನಷ್ಟು ದಪ್ಪ, ತುದಿಗೆ ಬರುತ್ತ ಸಣ್ಣ. ಮೇಲೆ ತೆರೆನಾಡಿನ ಅಕ್ಷರ ಇರಲಿ ಎಂದಿದ್ದ ಅಜಿಂಕ್ಯ. ಭರಮಣ್ಣನಿಗೆ ಸಹಿ ಬಿಟ್ಟರೆ ಬರೆಯಲು ಬಾರದು. ಯಾವ ಕುರಿ ಯಾರದೆಂದು ತಿಳಿಯಲು ಅಪ್ಪ ಅವುಗಳ ಕಿವಿಗೆ ಹಾಕುತ್ತಿದ್ದ ಕಚ್ಚುಗಳು ನೆನಪಿದ್ದವು. ಅವನ್ನೇ ಒಂದೊಂದಾಗಿ ನಡುಭಾಗದಲ್ಲಿ ಆಳವಾಗಿ ಕೆತ್ತಿದ. ಮೂರು ವಾರ ಹಿಡಿಯಿತು. ಭುಜ ಬಾತುಕೊಂಡು, ಎಡಗೈಯಲ್ಲಿ ಊಟ ಮಾಡುವಂತಾಯಿತು.

ನಾಟಕದ ದಿನ ಗಂಡ ಹೆಂಡತಿ ಬಸ್ಸು ಹಿಡಿದು ಬೆಳಗಾವಿಗೆ ಹೋದರು. ಅಜಿಂಕ್ಯ ಎರಡನೆಯ ಸಾಲಿನಲ್ಲಿ ಕೂರಿಸಿದ. ಪರದೆ ಸರಿದಾಗ ಲೆಕ್ಕಣಿಕೆ ಎತ್ತರದ ಪೀಠದ ಮೇಲಿತ್ತು, ದೀಪವೊಂದು ಅದರ ಮೇಲಷ್ಟೇ ಬೀಳುತ್ತಿತ್ತು. ಪದ್ಮವ್ವ ಅರಿವಿಲ್ಲದೆ ಕೈ ಮುಗಿದಳು. ಭರಮಣ್ಣನಿಗೆ ಕತೆ ಅರ್ಧ ತಿಳಿಯಿತು, ಅರ್ಧ ಇಲ್ಲ. ಅವನು ನೋಡುತ್ತಿದ್ದುದು ಅದೊಂದನ್ನೇ.

ಕೊನೆಯಲ್ಲಿ ರಾಣಿಯ ಪಾತ್ರದ ರಸಿಕಾ ಎಂಬ ಹುಡುಗಿ, "ಇನ್ನು ಯಾರ ಬಾಳನ್ನೂ ಯಾರೂ ಬರೆಯಬಾರದು" ಎಂದು ಕೂಗಿ, ಲೆಕ್ಕಣಿಕೆಯನ್ನು ಮೊಣಕಾಲಿಗೆ ಹಚ್ಚಿ ಲಟಕ್ಕನೆ ಮುರಿದಳು. ಕೆತ್ತಿದ ಜಾಗದಲ್ಲೇ ಮುರಿಯಿತು. ಜನ ಎದ್ದು ಚಪ್ಪಾಳೆ ತಟ್ಟಿದರು. ಭರಮಣ್ಣನೂ ಎದ್ದು ನಿಂತಿದ್ದ, ಆದರೆ ಕೈಗಳು ಕೆಳಗೇ ಇದ್ದವು.

ಅಜಿಂಕ್ಯ ಓಡಿ ಬಂದ. "ಕಾಕಾ, ತಪ್ಪಾತ್ರಿ. ಮುರೀತೀವಿ ಅಂತ ಹೇಳೂದ ಮರ್ತಿದ್ದೆ. ಇನ್ನೂ ಐದು ಪ್ರಯೋಗ ಅದಾವು. ಪ್ರಯೋಗಕ್ಕೊಂದು ಬೇಕಾಗ್ತಾವು."

"ನೋಡೂಣ್ರಿ" ಎಂದಷ್ಟೇ ಹೇಳಿ ಭರಮಣ್ಣ ಬಸ್ ಸ್ಟ್ಯಾಂಡಿನ ದಾರಿ ಹಿಡಿದ. ಎರಡು ದಿನ ಅಂಗಡಿ ತೆಗೆಯಲಿಲ್ಲ.

ಮೂರನೆಯ ದಿನ ರಸಿಕಾ ಒಬ್ಬಳೇ ಮನೆ ಹುಡುಕಿಕೊಂಡು ಬಂದಳು. ಓಢಣಿಯಲ್ಲಿ ಸುತ್ತಿದ್ದ ಎರಡು ತುಂಡುಗಳನ್ನು ಮುಂದಿಟ್ಟು ತಲೆ ತಗ್ಗಿಸಿದಳು. "ನಿಮಗ ಹೇಳ್ಯಾರ ಅಂತ ತಿಳ್ಕೊಂಡಿದ್ದೆ ರೀ."

ಭರಮಣ್ಣ ತುಂಡುಗಳನ್ನು ಕೈಯಲ್ಲಿ ಹಿಡಿದು, ಮುರಿದ ಬಾಯಿಗೆ ಬೆರಳಾಡಿಸಿದ. "ಬೀಟಿ ಭಾಳ ಗಟ್ಟಿ ಮರ ಯವ್ವಾ. ಮೊಣಕಾಲಿಗೆ ಪೆಟ್ಟಾಗಿಲ್ಲೇನು?"

ಹುಡುಗಿಯ ಕಣ್ಣು ತುಂಬಿದವು. "ಬಾತೈತ್ರಿ. ಮನ್ಯಾಗೂ ಹೇಳಿಲ್ಲ."

ಪದ್ಮವ್ವ ಅವಳನ್ನು ಒಳಗೆ ಕರೆದೊಯ್ದು ಅರಿಷಿಣ ಬಿಸಿ ಮಾಡಿ ಹಚ್ಚಿದಳು. ರೊಟ್ಟಿ ತಿನ್ನಿಸಿಯೇ ಕಳಿಸಿದಳು. ಹೋಗುವಾಗ ರಸಿಕಾ, "ಇವನ್ನ ನಾ ಇಟ್ಕೊಳ್ಳಲೇನ್ರಿ?" ಎಂದು ಕೇಳಿದಳು. ಭರಮಣ್ಣ ಆಗಲಿ ಎಂದು ತಲೆಯಾಡಿಸಿದ.

ಮರುದಿನ ಅವನು ಲೇಥ್ ಚಾಲೂ ಮಾಡಿದ. ಐದು ಮಾಡಲಿಲ್ಲ, ಒಂದೇ ಮಾಡಿದ, ಅದೂ ಎರಡು ತುಂಡಾಗಿ. ನಡುವೆ ಬಿದಿರಿನ ತೆಳ್ಳನೆಯ ಸೀಳು ಸಿಕ್ಕಿಸಿದರೆ ಕೂಡಿಕೊಳ್ಳುತ್ತದೆ. ಮುರಿದಾಗ ಸೀಳಷ್ಟೇ ಲಟಕ್ಕೆನ್ನುತ್ತದೆ, ಮುಂದಿನ ಪ್ರಯೋಗಕ್ಕೆ ಹೊಸ ಸೀಳು ಹಾಕಿದರಾಯಿತು. ಮೊಣಕಾಲಿಗೆ ಏನೂ ಆಗುವುದಿಲ್ಲ. ನೋಡಿ ಅಜಿಂಕ್ಯ ಖುಷಿಯಾದ. "ಆ ಅಕ್ಷರ ಹಾಕಿಲ್ಲಲ್ಲ ಕಾಕಾ?"

"ಅವು ಇನ್ನ ಆಗೂದಿಲ್ರಿ ಸರ್. ಕೈ ಕೇಳೂದಿಲ್ಲ."

ಕೈ ಕೇಳದಿದ್ದುದು ನಿಜವೇ. ಮನಸ್ಸೂ ಕೇಳಿರಲಿಲ್ಲ, ಅದನ್ನು ಹೇಳಲಿಲ್ಲ.

ಐದೂ ಪ್ರಯೋಗಗಳು ಆದವು. ಅಜಿಂಕ್ಯ ಪ್ರತಿ ಸಲ ಕರೆದ, ಭರಮಣ್ಣ ಹೋಗಲಿಲ್ಲ. ಬೇಸಿಗೆಯಲ್ಲಿ ಬೆಳಗಾವಿಯ ನೆಹರು ನಗರದ ಡಾಕ್ಟರು ಭುಜ ನೋಡಿ, ಇನ್ನು ಮಷಿನ್ ಮುಟ್ಟಬೇಡಿ ಎಂದರು. ಈಗ ಅವನು ಮಧ್ಯಾಹ್ನದ ಹೊತ್ತಿಗೇ ಬಾಗಿಲು ಎಳೆದುಕೊಂಡು, ಮರದ ಹೊಟ್ಟಿನ ಚೀಲಕ್ಕೆ ಒರಗಿ ನಿದ್ದೆ ಹೋಗುತ್ತಾನೆ. ಪದ್ಮವ್ವ ಊಟ ತಂದು ಬಾಜೂಕ್ಕಿಟ್ಟು, ಎಬ್ಬಿಸದೆ ಕೂರುತ್ತಾಳೆ.