ದೇವರ ಜಗಲಿಯ ಕ್ಯಾಲೆಂಡರ್ ಹಾಳೆ

ತೊಂಬತ್ತನೇ ಇಸವಿಯ ದೀಪಾವಳಿ ಮುಗಿದು ಹದಿನೈದು ದಿನವಾಗಿತ್ತು. ಅಂದೂ ನಾನು ಐದಕ್ಕೆ ಎದ್ದು, ಅಂಗಳಕ್ಕೆ ನೀರು ಹಾಕಿ, ರಂಗೋಲಿ ಬಿಟ್ಟು, ಆರು ರೊಟ್ಟಿ ಬಡಿದೆ. ನಾಲ್ಕನ್ನು ಶೇಂಗಾ ಹಿಂಡಿಯ ಜೊತೆ ಬಟ್ಟೆಯಲ್ಲಿ ಕಟ್ಟಿದೆ. ಗುಲಬರ್ಗಾದ ಕೋರ್ಟಿಗೆ ಹೋದ ದಿನ ನಮ್ಮ ಮನೆಯವರಿಗೆ ಹೊರಗಿನ ಊಟ ಸೇರುತ್ತಿರಲಿಲ್ಲ.

ಜೇವರ್ಗಿಯಲ್ಲಿ ನಮ್ಮ ಮಾವನವರು ಹೆಣ್ಣುಮಕ್ಕಳಿಗೆಂದು ಒಂದು ಹೈಸ್ಕೂಲು ಕಟ್ಟಿದ್ದರು. ಅವರು ಲಿಂಗೈಕ್ಯರಾದ ಮೇಲೆ ನಮ್ಮ ಮನೆಯವರೇ ಕಾರ್ಯದರ್ಶಿ. ಆ ವರ್ಷ ಮಾವನವರ ತಮ್ಮ, ನಾವು ಕಾಕಾ ಎನ್ನುವವರು, ತಾವೇ ಕಾರ್ಯದರ್ಶಿ ಎಂದು ದಾವೆ ಹೂಡಿದರು. ಶಾಲೆಯಲ್ಲಿ ಸಭೆ ನಡೆದು ತಮ್ಮನ್ನು ಆರಿಸಿದ್ದಾರೆ ಎಂಬ ಹಳೆಯ ಠರಾವನ್ನೂ ಕೋರ್ಟಿಗೆ ಕೊಟ್ಟರು. ಅಂಥ ಸಭೆ ನಡೆದೇ ಇರಲಿಲ್ಲ. ಆದರೆ ನಡೆಯದ ಸಭೆ ನಡೆದಿಲ್ಲವೆಂದು ತೋರಿಸುವುದು ಹೇಗೆ?

ಹತ್ತನೆಯ ತರಗತಿಯ ಪರೀಕ್ಷಾ ಅರ್ಜಿಗಳಿಗೆ ಸಂಸ್ಥೆಯ ಸಹಿ ಬೇಕು. ಇಬ್ಬರು ಕಾರ್ಯದರ್ಶಿಗಳೆಂದ ಮೇಲೆ ಶಿಕ್ಷಣ ಇಲಾಖೆಯ ಕಚೇರಿಯವರು ಯಾರ ಸಹಿಯನ್ನೂ ಒಪ್ಪಲಿಲ್ಲ. ಅರ್ಜಿ ಕಳಿಸಲು ನಾಲ್ಕೇ ದಿನ ಉಳಿದಿತ್ತು. ನಮ್ಮ ಕಡೆ ಹುಡುಗಿಯ ಒಂದು ವರ್ಷ ಹೋಯಿತೆಂದರೆ ಓದೇ ಹೋದಂತೆ; ಗಂಡು ನೋಡಿಬಿಡುತ್ತಾರೆ. ಕಾಕಾ ಅವರಿಗೆ ಬಿಟ್ಟುಕೊಡೋಣವೆಂದರೆ, ಮುಂದಿನ ವರ್ಷ ಆ ಕಟ್ಟಡ ಹತ್ತಿಯ ಗೋದಾಮಾಗುವುದೆಂದು ಊರಿಗೇ ಗೊತ್ತಿತ್ತು.

ನಮ್ಮ ಮನೆಯವರು ಚಹಾದ ಬಸಿಯನ್ನು ಹಾಗೇ ಹಿಡಿದು ಕೂತಿದ್ದರು. "ಈ ಸಲ ಪರೀಕ್ಷಾ ಇಲ್ಲ ಅಂತ ಹುಡುಗ್ಯಾರ ಮನೀಗಿ ಹೇಳಿಬಿಡೋಣು" ಎಂದರು.

"ಇವತ್ತೊಂದು ದಿನ ತಡೀರಿ. ಅಲ್ಲೀತನಾ ಯಾರ ಮನೀಗೂ ಹೋಗಬ್ಯಾಡ್ರಿ" ಎಂದೆ. ಗಟ್ಟಿಯಾಗಿ ಹೇಳಿದೆನೇ ಹೊರತು ಕೈಯಲ್ಲಿ ಏನೂ ಇರಲಿಲ್ಲ.

ಸ್ನಾನ ಮಾಡಿ ದೇವರ ಜಗಲಿಯ ಮುಂದೆ ಕೂತು, ಠರಾವಿನ ನಕಲನ್ನು ವಿಭೂತಿ ಡಬ್ಬಿಯ ಪಕ್ಕದಲ್ಲಿಟ್ಟೆ. ಇಷ್ಟಲಿಂಗವನ್ನು ಅಂಗೈಗೆ ತೆಗೆದುಕೊಂಡೆ. ಕಾನ್ವೆಂಟಿನಲ್ಲಿ ನಮಗೆ ಕಲಿಸಿದ ಸಿಸ್ಟರ್, ದೇವರ ಮುಂದೆ ಸುತ್ತಿ ಬಳಸಿ ಮಾತಾಡಬೇಡ, ಬೇಕಾದ್ದನ್ನು ನೇರ ಕೇಳು ಎನ್ನುತ್ತಿದ್ದರು. ಹಾಗೇ ಕೇಳಿದೆ: ತಂದೆ, ಅರ್ಜಿಗಳು ಹೋಗಬೇಕು. ನಾನೇನು ಮಾಡಲಿ, ತೋರಿಸು.

ಕಣ್ಣು ತೆರೆದಾಗ ನಕಲಿನ ಮೇಲಿನ ತಾರೀಖು ಕಂಡಿತು: ಎಂಬತ್ತೊಂಬತ್ತರ ಜನವರಿ ಏಳು. ಅದರ ಕೆಳಗೇ ಜಗಲಿಗೆ ಹಾಸಿದ್ದ ಹಳೆಯ ಕ್ಯಾಲೆಂಡರಿನ ಹಾಳೆ. ಪ್ರತಿ ದೀಪಾವಳಿಗೆ ಆ ಹಾಸು ಬದಲಿಸುವವಳು ನಾನು, ಈ ಸಲ ಕೋರ್ಟಿನ ಚಿಂತೆಯಲ್ಲಿ ಬಿಟ್ಟಿದ್ದೆ. ಆ ಹಾಳೆಯೂ ಎಂಬತ್ತೊಂಬತ್ತರ ಜನವರಿಯದೇ. ಏಳರ ಮನೆಯಲ್ಲಿ ಕೆಂಪಕ್ಷರದಲ್ಲಿ ಎಳ್ಳಮಾವಾಸ್ಯೆ, ಪಕ್ಕದಲ್ಲಿ ನನ್ನದೇ ಪೆನ್ಸಿಲ್ ಅಕ್ಷರ: ಹಾಲು ಬೇಡ. ಮನೆಮಂದಿಯೆಲ್ಲ ಹೊಲಕ್ಕೆ ಹೋಗಿದ್ದೆವು. ಕಾಕಾ ಕೂಡ ಬಂದಿದ್ದರು. ಉಂಡು ಬೇವಿನ ಮರದಡಿ ಮಲಗಿದ್ದರು.

ಅವಸರದಲ್ಲಿ ಹಾಳೆ ಬಿಡಿಸುವಾಗ ಒಂದು ಮೂಲೆ ಹರಿಯಿತು. ಅಂದು ನಾನೂ ಬಸ್ಸು ಹತ್ತಿದೆ. ಇಜೇರಿಯಿಂದ ಬರುವ ಬಸ್ಸು ತುಂಬಿ ಬಂದಿತ್ತು. ಭೀಮಾ ಸೇತುವೆ ದಾಟುವವರೆಗೂ ನಿಂತೇ ಇದ್ದೆ, ಹಾಳೆ ಸೆರಗಿನೊಳಗೆ.

ಅಂದು ಕಾಕಾ ಅವರ ಸಾಕ್ಷಿ. ನ್ಯಾಯಾಧೀಶರು ಮೈಸೂರು ಕಡೆಯವರು. ನಮ್ಮ ವಕೀಲರು ಹಾಳೆಯನ್ನು ಫೈಲಿನಲ್ಲಿಟ್ಟುಕೊಂಡೇ ಕೇಳಿದರು: "ಸಾಹೇಬ್ರು ಹೊರಗಿನವರು. ನಮ್ಮ ಕಡಿ ಎಳ್ಳಮಾಸಿ ಹ್ಯಾಂಗ ಮಾಡ್ತಾರಂತ ನೀವೇ ಹೇಳ್ರಿ."

ಕಾಕಾ ಅವರ ಮುಖ ಅರಳಿತು. "ಮನೀಗಿ ಕೀಲಿ ಹಾಕಿ ಹೊಲಕ್ಕ ಹೋಗ್ತೇವ್ರಿ. ಪೂಜಿ ಮಾಡಿ, ಹೊಲದ ತುಂಬ ನೈವೇದ್ಯದ ಚರಗಾ ಚೆಲ್ತೇವಿ. ಸಜ್ಜಿ ರೊಟ್ಟಿ, ಭಜ್ಜಿ, ಕಡಬು ಉಣ್ತೇವಿ. ಊರಾಗ ನಾಯಿ ಸುದ್ದಾ ಉಳಿಯೂದಿಲ್ರಿ."

"ನೀವು ಎಂದಾರ ತಪ್ಪಿಸೀರೇನು?"

"ಹುಟ್ಟಿದಾಗಿಂದ ಒಂದೂ ತಪ್ಪಿಸಿಲ್ಲ."

ವಕೀಲರು ಆಗ ಹಾಳೆಯನ್ನೂ ಠರಾವನ್ನೂ ಪಕ್ಕಪಕ್ಕ ಇಟ್ಟರು. "ಹಂಗಾರ ಅವತ್ತು ಸಾಲ್ಯಾಗ ಸಭಾ ಮಾಡಿದವರು ಯಾರ್ರಿ?"

ಕಾಕಾ ಹೆಗಲ ಶಲ್ಯದಿಂದ ಮುಖ ಒರೆಸಿಕೊಂಡರು. ದಾವೆ ಮುಗಿಯುವವರೆಗೆ ನಮ್ಮ ಮನೆಯವರ ಸಹಿಯೇ ನಡೆಯಲಿ ಎಂದು ಮಧ್ಯಾಹ್ನವೇ ಆದೇಶವಾಯಿತು. ಕೊನೆಯ ತೀರ್ಪಿಗೆ ಮತ್ತೆ ಎರಡು ವರ್ಷ ಹಿಡಿಯಿತು. ಅದೂ ನಮ್ಮ ಕಡೆಗೇ ಬಂತು.

ಹೊರಗೆ ಬೇವಿನ ಕಟ್ಟೆಯ ಹತ್ತಿರ ಕಾಕಾ ಸಿಕ್ಕರು. "ಭಾರಿ ಅದೀ ಬೇ. ಕಡಬು ತಿನಿಸಿ ಕೇಸ್ ಗೆದ್ದಿ" ಎಂದರು.

"ಮುಂದಿನ ತಿಂಗಳ ಮತ್ತ ಎಳ್ಳಮಾಸಿ ಬರ್ತೈತ್ರಿ ಕಾಕಾ. ಹೊಲಕ್ಕ ಬರ್ರಿ" ಎಂದು ಅವರ ಕಾಲು ಮುಟ್ಟಿದೆ. ಅವರು ಬೇರೆ ಕಡೆ ನೋಡಿದರು. ಆದರೆ ಕಾಲು ಹಿಂದೆ ಎಳೆದುಕೊಳ್ಳಲಿಲ್ಲ.

ಶರಣ ಬಂಧುಗಳೇ, ಕೆಲವರು ಇದನ್ನು ನನ್ನ ಜಾಣತನ ಎನ್ನುತ್ತಾರೆ. ಆ ನಕಲನ್ನು ನಾನು ಮೊದಲೇ ಹತ್ತು ಸಲ ಓದಿದ್ದೆ. ಜಾಣತನ ನನ್ನದಾಗಿದ್ದರೆ ಮೊದಲ ಸಲವೇ ಕಾಣಬೇಕಿತ್ತು. ಕೇಳಿದ ಮೇಲೆ ತೋರಿಸಿದವನು ಆ ಶಿವ. ಅಂದಿನಿಂದ ಅವನ ಮುಂದೆ ಕೇಳಲು ನಾನು ಸಂಕೋಚಪಟ್ಟಿಲ್ಲ. ಕೇಳಿ ಸುಮ್ಮನೆ ಕೂತಿದ್ದೂ ಇಲ್ಲ.

ದೀಪ ಹಚ್ಚುವ ಹೊತ್ತಿಗೆ ಮನೆ ಸೇರಿದೆವು. ನಮ್ಮ ಮನೆಯವರು ಚಪ್ಪಲಿ ಬಿಟ್ಟವರೇ ಅರ್ಜಿಗಳನ್ನು ಹರಡಿಕೊಂಡು ಸಹಿಗೆ ಕೂತರು. ಪಕ್ಕದ ಮನೆಯ ಗುರುಬಾಯಿ ಗೋಡೆಯ ಮೇಲಿಂದ ಇಣುಕಿ ನೋಡಿ, ಒಣಗಿದ ಸೀರೆ ಮಡಚುತ್ತಲೇ ಅಂದಳು: "ಹಂಗಾರ ನಮ್ಮ ಹುಡುಗಿ ಪರೀಕ್ಷಾಕ್ಕ ಕೂಡ್ತಾಳಂದಂಗಾತು. ನಾಳಿಂದ ಹತ್ತಿ ಬಿಡಿಸಾಕ ನಾ ಒಬ್ಬಾಕಿನ ಹೋಗಬೇಕ್ರಿ."